ಹನ್ನೆರಡೇ ವರ್ಷದ ಶಂಕರ್‌ನಾಗ್

ಶಂಕರ್‌ನಾಗ್ ಹೆಸರು ಬಂದರೆ ಸಾಕು, ಕಾರವಾರ, ಅಂಕೋಲೆ ಕಡೆಯ ಜನರ ಬಾಯಲ್ಲಿ ಮೊದಲು ಬರುವ ಮಾತು ಒಂದೇ: ‘ಅಂವ ನಮ್ಮ ಹೊನ್ನಾವರದಂವ!’ ಆಮೇಲೆ ಎರಡನೆಯ ಮಾತು: ‘ಛೇ, ಬದುಕಿದ್ದಿದ್ರೆ...’

ಮೊದಲನೆಯ ಮಾತಿನಲ್ಲಿ ಹೆಮ್ಮೆ ಇದೆ. ಎರಡನೆಯದರಲ್ಲಿ ಇನ್ನೂ ಆರದ ಒಂದು ನೋವಿದೆ. ಅವರು ಹೋಗಿ ಮೂರು ದಶಕ ದಾಟಿತು. ಅವರ ಸಿನಿಮಾ ಟಾಕೀಸಿನಲ್ಲಿ ಬಂದಾಗ ಹುಟ್ಟಿಯೇ ಇರದ ಹುಡುಗರು ಇವತ್ತು ಆಟೋ ಹಿಂದೆ ಅವರ ಚಿತ್ರ ಅಂಟಿಸಿಕೊಂಡು ಓಡಾಡುತ್ತಾರೆ. ಹೆಚ್ಚು ಕಾಲ ಬದುಕಿ, ಹೆಚ್ಚು ಸಿನಿಮಾ ಮಾಡಿದ ಎಷ್ಟೋ ನಟರನ್ನು ನಾವು ಮರೆತಿದ್ದೇವೆ. ಇವರನ್ನು ಮಾತ್ರ ಮರೆಯಲು ಆಗಿಲ್ಲ. ಯಾಕೆ?

ಒಮ್ಮೆ ಲೆಕ್ಕ ಹಾಕಿ ನೋಡೋಣ. ಹುಟ್ಟಿದ್ದು 1954ರ ನವೆಂಬರ್ 9. ತೀರಿಕೊಂಡದ್ದು 1990ರ ಸೆಪ್ಟೆಂಬರ್ 30. 36 ತುಂಬಲು ಇನ್ನೂ 40 ದಿನ ಬಾಕಿ ಇತ್ತು. ಕನ್ನಡ ಚಿತ್ರರಂಗದಲ್ಲಿ ಅವರು ಇದ್ದದ್ದು 1978ರಿಂದ 1990ರವರೆಗೆ, ಹನ್ನೆರಡು ವರ್ಷ. ಅಷ್ಟರಲ್ಲಿ ನಟಿಸಿದ ಚಿತ್ರಗಳು 80ಕ್ಕೂ ಹೆಚ್ಚು. ಅಂದರೆ ಸರಾಸರಿ ಎರಡು ತಿಂಗಳು ತುಂಬುವ ಮೊದಲೇ ಒಂದು ಸಿನಿಮಾ. ಇದರ ನಡುವೆ ನಿರ್ದೇಶನ, ನಾಟಕ, ಟಿ.ವಿ. ಧಾರಾವಾಹಿ, ರೆಕಾರ್ಡಿಂಗ್ ಸ್ಟುಡಿಯೋ, ಸಂಸಾರ.

ಚಿತ್ರಗಳ ಸಂಖ್ಯೆಯಿಂದಷ್ಟೇ ಒಬ್ಬ ಮನುಷ್ಯ ನೆನಪಿನಲ್ಲಿ ಉಳಿಯುವುದಿಲ್ಲ ಬಿಡಿ. ಶಂಕರ್ ಉಳಿದದ್ದು ಬೇರೆ ಕಾರಣಕ್ಕೆ ಎಂದು ನನಗನ್ನಿಸುತ್ತದೆ. ಒಂದು ಕೈಯಲ್ಲಿ ದುಡಿದದ್ದನ್ನು ಅವರು ಇನ್ನೊಂದು ಕೈಯಿಂದ ಬೇರೆಯವರಿಗೂ ಉಪಯೋಗಕ್ಕೆ ಬರುವ ಯಾವುದಾದರೂ ಕೆಲಸಕ್ಕೆ ಹಾಕುತ್ತಿದ್ದರು. ಆ ಕೆಲಸಗಳು ಅವರ ಜೊತೆ ಸಾಯಲಿಲ್ಲ.

ಮುಖ ಬೊಂಬಾಯಿ ಕಡೆ

ಶಂಕರ್ ಹುಟ್ಟಿದಾಗ ಹೊನ್ನಾವರ ಇದ್ದದ್ದು ಮೈಸೂರು ರಾಜ್ಯದಲ್ಲಲ್ಲ, ಬೊಂಬಾಯಿ ರಾಜ್ಯದಲ್ಲಿ. ಇದು ಈಗಿನ ಮಕ್ಕಳಿಗೆ ಹೇಳಿದರೆ ಆಶ್ಚರ್ಯಪಡುತ್ತಾರೆ. 1956ರ ನವೆಂಬರ್ 1ರಂದು ರಾಜ್ಯಗಳು ಹೊಸದಾಗಿ ಆದಾಗಲೇ ಕಾರವಾರ ಜಿಲ್ಲೆ ಮೈಸೂರಿಗೆ ಸೇರಿದ್ದು. ಅಲ್ಲಿಯವರೆಗೆ ಇಲ್ಲಿನ ಜನಕ್ಕೆ ನೌಕರಿ, ಕೋರ್ಟು, ಕಾಲೇಜು ಎಲ್ಲದಕ್ಕೂ ದೊಡ್ಡ ಊರು ಎಂದರೆ ಬೊಂಬಾಯಿಯೇ. ಕಾರವಾರದ ಧಕ್ಕೆಯಿಂದ ಸ್ಟೀಮರ್ ಹತ್ತಿ ಹೋದ ಅಜ್ಜ, ಚಾಳಿನಲ್ಲಿ ಸಂಸಾರ ಮಾಡಿದ ಅಜ್ಜಿ, ಮೇ ತಿಂಗಳ ರಜೆಗೆ ಟ್ರಂಕು ಹೊತ್ತು ಬರುತ್ತಿದ್ದ ಚಿಕ್ಕಪ್ಪ, ಹೀಗೆ ಒಬ್ಬರಾದರೂ ಇಲ್ಲದ ಮನೆ ನಮ್ಮ ಕಡೆ ಕಡಿಮೆ. ಹನೇಹಳ್ಳಿಯ ಯಶವಂತ ಚಿತ್ತಾಲರು ಕೂಡ ಅಲ್ಲೇ ಕೂತು ಕನ್ನಡದ ಕತೆ ಕಾದಂಬರಿ ಬರೆದರಲ್ಲ.

ಸದಾನಂದ ಮತ್ತು ಆನಂದಿ ನಾಗರಕಟ್ಟೆ ದಂಪತಿಯ ಮಕ್ಕಳೂ ಇದೇ ದಾರಿ ಹಿಡಿದರು. ಮನೆಮಾತು ಕೊಂಕಣಿ, ಊರ ಮಾತು ಕನ್ನಡ, ಹೋದ ಊರಿನ ಮಾತು ಮರಾಠಿ. ಅಣ್ಣ ಅನಂತ್ ಮೊದಲು ರಂಗಭೂಮಿಗೆ ಬಂದರು. 1974ರಲ್ಲಿ ಶ್ಯಾಮ್ ಬೆನೆಗಲ್ ಅವರ ‘ಅಂಕುರ್’ ಅವರನ್ನು ದೇಶಕ್ಕೆ ಪರಿಚಯಿಸಿತು. ತಮ್ಮ ಶಂಕರ್ ಮರಾಠಿ ನಾಟಕಗಳಲ್ಲಿ ಪಳಗಿದರು. ಬಣ್ಣ ಹಚ್ಚಿಕೊಳ್ಳುವುದು ಮಾತ್ರವಲ್ಲ, ಬರೆಯುವುದನ್ನೂ ಕಲಿತರು. ಪುಣೆಯಲ್ಲಿ ಚಾಪೇಕರ್ ಸಹೋದರರು ಬ್ರಿಟಿಷ್ ಅಧಿಕಾರಿಯನ್ನು ಕೊಂದ ಘಟನೆ ಕುರಿತ ‘22 ಜೂನ್ 1897’ ಎಂಬ ಮರಾಠಿ ಚಿತ್ರದ ಬರವಣಿಗೆಯಲ್ಲಿ ಅವರ ಪಾಲಿದೆ. ಮುಂದೆ ಬಾಳಸಂಗಾತಿಯಾದ ಅರುಂಧತಿ ಅವರಿಗೆ ಸಿಕ್ಕಿದ್ದೂ ರಂಗಭೂಮಿಯಲ್ಲೇ.

24ಕ್ಕೇ ಗಂಡುಗಲಿ

1978ರಲ್ಲಿ ಗಿರೀಶ ಕಾರ್ನಾಡರು ‘ಒಂದಾನೊಂದು ಕಾಲದಲ್ಲಿ’ ತೆಗೆದರು. ಹೊಯ್ಸಳರ ಕಾಲದ ಹಿನ್ನೆಲೆ, ಕೂಲಿಗಾಗಿ ಕತ್ತಿ ಹಿಡಿಯುವ ಸೈನಿಕರ ಕತೆ. ಜಪಾನಿನ ಕುರೊಸಾವನ ಸಮುರಾಯ್ ಚಿತ್ರಗಳ ಗುಂಗು ಅದರಲ್ಲಿದೆ. ಗಂಡುಗಲಿ ಎಂಬ ಬಾಡಿಗೆ ಯೋಧನ ಪಾತ್ರಕ್ಕೆ ಅವರು ಕರೆತಂದದ್ದು ಕನ್ನಡ ಪ್ರೇಕ್ಷಕರು ಅಲ್ಲಿಯವರೆಗೆ ಪರದೆಯ ಮೇಲೆ ಕಂಡಿರದ ಈ ಹುಡುಗನನ್ನು. ಎದುರಿಗೆ ಸುಂದರಕೃಷ್ಣ ಅರಸ್ ಅವರಂಥ ಗಟ್ಟಿ ಕಲಾವಿದರು.

ಆ ಚಿತ್ರದ ಅಭಿನಯಕ್ಕೆ 1979ರಲ್ಲಿ ದೆಹಲಿಯ ಭಾರತದ ಅಂತರರಾಷ್ಟ್ರೀಯ ಚಲನಚಿತ್ರೋತ್ಸವದಲ್ಲಿ ಶಂಕರ್‌ಗೆ ಅತ್ಯುತ್ತಮ ನಟ ಪ್ರಶಸ್ತಿ ಬಂತು. ಮೊದಲ ಕನ್ನಡ ಚಿತ್ರ, ವಯಸ್ಸು 24. ಬೇರೆ ಯಾರಾದರೂ ಆಗಿದ್ದರೆ ‘ಇನ್ನು ಮೇಲೆ ಇಂಥ ಪಾತ್ರ ಮಾತ್ರ ಮಾಡ್ತೇನೆ’ ಎಂದು ಗತ್ತಿನಲ್ಲಿ ಕೂರುತ್ತಿದ್ದರೋ ಏನೋ. ಶಂಕರ್ ಹಾಗೆ ಮಾಡಲಿಲ್ಲ. ‘ಸೀತಾರಾಮು’ ಬಂತು, ಹೊಡೆದಾಟದ ಚಿತ್ರಗಳು ಬಂದವು, 1980ರಲ್ಲಿ ‘ಆಟೋ ರಾಜ’ ಬಂತು. ಖಾಕಿ ಅಂಗಿ ಹಾಕಿ ಮೂರು ಗಾಲಿಯ ಗಾಡಿ ಓಡಿಸಿದ ನಾಯಕನನ್ನು ಕರ್ನಾಟಕದ ಆಟೋದವರು ಅಂದು ‘ಶಂಕ್ರಣ್ಣ’ ಎಂದು ಹಿಡಿದುಕೊಂಡವರು ಇನ್ನೂ ಬಿಟ್ಟಿಲ್ಲ.

ದುಡಿಯುವ ಕೈ, ಕಟ್ಟುವ ಕೈ

ಅದೇ 1980ರಲ್ಲಿ ಅವರು ಇನ್ನೊಂದು ಕೆಲಸ ಮಾಡಿದರು. ‘ಮಿಂಚಿನ ಓಟ’ ನಿರ್ದೇಶಿಸಿದರು. ಕಾರು ಕದಿಯುವವರು, ಜೈಲು, ಅಲ್ಲಿಂದ ತಪ್ಪಿಸಿಕೊಳ್ಳುವ ಹಂಚಿಕೆ, ಇದು ಕತೆ. ಅಣ್ಣತಮ್ಮ ಇಬ್ಬರೂ ಇದ್ದಾರೆ, ಲೋಕನಾಥ್ ಇದ್ದಾರೆ. ಕಳ್ಳರ ಕತೆಯಾದರೂ ನೋಡುವವರ ಮನಸ್ಸು ಕಳ್ಳರ ಕಡೆಗೇ ವಾಲುವ ಹಾಗೆ ತೆಗೆದ ಚಿತ್ರ. ಅದಕ್ಕೆ ಏಳು ರಾಜ್ಯ ಪ್ರಶಸ್ತಿಗಳು ಬಂದವು. ಒಂದೇ ವರ್ಷದಲ್ಲಿ ಒಂದು ಕಡೆ ‘ಆಟೋ ರಾಜ’, ಇನ್ನೊಂದು ಕಡೆ ‘ಮಿಂಚಿನ ಓಟ’. ಅವರ ಇಡೀ ಹನ್ನೆರಡು ವರ್ಷದ ನಕ್ಷೆ ಇದೇ.

ಮುಂದಿನ ವರ್ಷ ‘ಗೀತಾ’. ಕಾಯಿಲೆ ಬಿದ್ದ ಹುಡುಗಿಯ ಪ್ರೇಮಕತೆ, ಇಳಯರಾಜ ಸಂಗೀತ. ಆ ಹಾಡುಗಳು ಇವತ್ತಿಗೂ ನಮ್ಮ ಕಡೆಯ ಮದುವೆ ಮನೆಗಳ ಆರ್ಕೆಸ್ಟ್ರಾದಲ್ಲಿ ತಪ್ಪುವುದಿಲ್ಲ. 1983ರಲ್ಲಿ ‘ನೋಡಿ ಸ್ವಾಮಿ ನಾವಿರೋದು ಹೀಗೆ’, ಮನೆಮಂದಿ ಕೂತು ನಗುವ ಚಿತ್ರ. 1985ರಲ್ಲಿ ಹಾಡೇ ಇಲ್ಲದ ‘ಆಕ್ಸಿಡೆಂಟ್’. ಕುಡಿದು, ನಶೆಯಲ್ಲಿ ಕಾರು ಓಡಿಸುವ ದೊಡ್ಡವರ ಮಗ, ಫುಟ್‌ಪಾತ್ ಮೇಲೆ ಮಲಗಿದ್ದ ಬಡವರ ಸಾವು, ಅದನ್ನು ಮುಚ್ಚಿಹಾಕುವ ಅಧಿಕಾರ, ಬಿಡದೆ ಬೆನ್ನು ಹತ್ತುವ ಪತ್ರಕರ್ತ. ಸಾಮಾಜಿಕ ಸಮಸ್ಯೆ ಕುರಿತ ಚಿತ್ರಕ್ಕೆ ಕೊಡುವ ರಾಷ್ಟ್ರಪ್ರಶಸ್ತಿ ಇದಕ್ಕೆ ಬಂತು. ಇಂಥ ಸುದ್ದಿ ಈಗಲೂ ಪೇಪರಿನಲ್ಲಿ ಬರುತ್ತಲೇ ಇದೆ. ಹಾಗಾಗಿ ಈ ಚಿತ್ರ ಹಳತಾಗಿಲ್ಲ.

ಇಷ್ಟೇ ಅಲ್ಲ. ಅರುಂಧತಿಯವರ ಜೊತೆ ಸೇರಿ ‘ಸಂಕೇತ್’ ಎಂಬ ನಾಟಕ ತಂಡ ನಡೆಸಿದರು. ಸಿನಿಮಾದಲ್ಲಿ ಹೆಸರಾದ ಮೇಲೆ ನಾಟಕ ಬಿಡುವವರೇ ಹೆಚ್ಚು. ಇವರು ಶೂಟಿಂಗ್ ಮುಗಿಸಿ ನಾಟಕದ ತಾಲೀಮಿಗೆ ಬರುತ್ತಿದ್ದರು. ಅದೇ ಹೆಸರಿನಲ್ಲಿ ಬೆಂಗಳೂರಿನಲ್ಲಿ ಅಣ್ಣನ ಜೊತೆ ರೆಕಾರ್ಡಿಂಗ್ ಸ್ಟುಡಿಯೋ ಕಟ್ಟಿದರು. ಆ ಕಾಲದಲ್ಲಿ ಕನ್ನಡ ಸಿನಿಮಾದ ಹಾಡು, ಮಾತು, ಸದ್ದಿನ ಕೆಲಸಕ್ಕೆಲ್ಲ ಮದ್ರಾಸಿಗೆ ಹೋಗಬೇಕಿತ್ತು. ‘ನಮ್ಮ ಕೆಲಸ ನಮ್ಮ ಊರಲ್ಲೇ ಆಗ್ಲಿ’ ಎಂದು ಬಾಯಲ್ಲಿ ಹೇಳುವವರು ಬೇಕಾದಷ್ಟು ಮಂದಿ. ಸಾಲ ಸೋಲ ಲೆಕ್ಕಿಸದೆ ಯಂತ್ರ ತಂದು ಕೂರಿಸುವವರು ಕಡಿಮೆ.

ಎಲ್ಲವೂ ಗೆದ್ದಿತು ಎಂದೇನಲ್ಲ. 1987ರಲ್ಲಿ ಡಾ. ರಾಜಕುಮಾರ್ ಅವರನ್ನು ಮುತ್ತು ಹುಡುಕುವ ಮುಳುಗುಗಾರನನ್ನಾಗಿ ಮಾಡಿ ‘ಒಂದು ಮುತ್ತಿನ ಕಥೆ’ ತೆಗೆದರು. ಅಮೆರಿಕದ ಲೇಖಕ ಸ್ಟೈನ್‌ಬೆಕ್ ಬರೆದ ‘ದಿ ಪರ್ಲ್’ ಅದರ ಮೂಲ. ನೀರಿನಡಿಯ ದೃಶ್ಯಗಳನ್ನು ಮಾಲ್ಡೀವ್ಸ್‌ನಲ್ಲಿ ಚಿತ್ರಿಸಿದರು. ಕನ್ನಡದಲ್ಲಿ ಯಾರೂ ಕೈಹಾಕದ ಸಾಹಸ. ಆದರೆ ರಾಜಕುಮಾರ್ ಚಿತ್ರದಿಂದ ಜನ ನಿರೀಕ್ಷಿಸುವ ಗೆಲುವು ಅದಕ್ಕೆ ಸಿಗಲಿಲ್ಲ. ಮರುವರ್ಷವೇ ಅವರು ‘ಸಾಂಗ್ಲಿಯಾನ’ ಆಗಿ ಪೊಲೀಸ್ ಟೋಪಿ ಹಾಕಿ ಬಂದರು. 1989ರಲ್ಲಿ ‘ಸಿ.ಬಿ.ಐ. ಶಂಕರ್’. ಆ ಚಿತ್ರಗಳು ಟಾಕೀಸು ತುಂಬಿಸಿದವು. ಸೋತ ಕನಸಿನ ಖರ್ಚನ್ನು ಗೆದ್ದ ಮಸಾಲೆ ಚಿತ್ರ ತೀರಿಸಬೇಕು. ಗದ್ದೆಯ ನಷ್ಟವನ್ನು ತೆಂಗಿನ ತೋಟದಲ್ಲಿ ತೀರಿಸಿಕೊಳ್ಳುವ ನಮ್ಮ ಕಡೆಯ ರೈತನಿಗೆ ಈ ಲೆಕ್ಕ ಬಿಡಿಸಿ ಹೇಳಬೇಕಾಗಿಲ್ಲ.

ಆಗುಂಬೆಯ ಮಾಲ್ಗುಡಿ

ಕನ್ನಡ ಬಾರದವರಿಗೂ ಶಂಕರ್ ಗೊತ್ತಾದದ್ದು ‘ಮಾಲ್ಗುಡಿ ಡೇಸ್’ನಿಂದ. ಆರ್.ಕೆ. ನಾರಾಯಣ್ ಅವರ ಕತೆಗಳನ್ನು ದೂರದರ್ಶನಕ್ಕೆ ತರುವ ಕೆಲಸ. ಇಲ್ಲದ ಊರೊಂದನ್ನು ಎಲ್ಲಿ ಹುಡುಕುವುದು? ಶಂಕರ್ ಆಗುಂಬೆಗೆ ಹೋದರು. ಅಲ್ಲಿನ ದೊಡ್ಡಮನೆ, ಬೀದಿ, ಮಳೆ ಎಲ್ಲವೂ ಮಾಲ್ಗುಡಿಯಾದವು. ರೈಲಿನ ದೃಶ್ಯಗಳಿಗೆ ಶಿವಮೊಗ್ಗ-ತಾಳಗುಪ್ಪ ದಾರಿಯ ಅರಸಾಳು ನಿಲ್ದಾಣ ಸಿಕ್ಕಿತು. ಸ್ವಾಮಿಯಾಗಿ ಮಾಸ್ಟರ್ ಮಂಜುನಾಥ್, ಅಪ್ಪನಾಗಿ ಗಿರೀಶ ಕಾರ್ನಾಡ್, ಸಂಗೀತ ಎಲ್. ವೈದ್ಯನಾಥನ್, ಚಿತ್ರಗಳು ಆರ್.ಕೆ. ಲಕ್ಷ್ಮಣ್.

ಶಂಕರ್ ನಿರ್ದೇಶಿಸಿದ್ದು 39 ಕಂತುಗಳು. ಅದರಲ್ಲಿ ಕೆಲಸ ಮಾಡಿದ ಹೆಚ್ಚಿನವರು ಕನ್ನಡದ ರಂಗಭೂಮಿ, ಸಿನಿಮಾದವರು. ದೇಶಕ್ಕೆಲ್ಲ ತೋರಿಸುವ ಧಾರಾವಾಹಿ ಎಂದು ಬೊಂಬಾಯಿಯಿಂದ ಹೆಸರುವಾಸಿ ನಟರನ್ನು ತುಂಬಿಸಬಹುದಿತ್ತು. ಹಾಗೆ ಮಾಡದೆ ತಮ್ಮ ಜೊತೆಯವರನ್ನೇ ದೇಶದ ಮುಂದೆ ನಿಲ್ಲಿಸಿದರು. ಬೊಂಬಾಯಿಗೆ ಹೋಗಿ ಕಲಿತ ಕರಾವಳಿಯ ಹುಡುಗ ಕಲಿತದ್ದನ್ನು ಹೊತ್ತುಕೊಂಡು ಘಟ್ಟದ ಮೇಲಿನ ಮಳೆಯೂರಿಗೆ ಬಂದ. ನನಗೆ ಅವರ ಕೆಲಸದಲ್ಲಿ ಅತಿ ಹೆಚ್ಚು ಇಷ್ಟವಾಗುವ ಸಂಗತಿ ಇದು.

ದೂರದ ಉಕ್ರೇನಿನ ಇನ್ನೊಬ್ಬ

ಈ ಕತೆ ನಮ್ಮಲ್ಲಿ ಮಾತ್ರ ನಡೆದದ್ದಲ್ಲ. ಸೋವಿಯತ್ ಕಾಲದ ಉಕ್ರೇನಿನಲ್ಲಿ ಲಿಯೊನಿದ್ ಬೀಕೊವ್ ಎಂಬ ನಟ ಇದ್ದರು. ದೊನೆತ್ಸ್ಕ್ ಕಡೆಯ ಹಳ್ಳಿಯಲ್ಲಿ ಹುಟ್ಟಿದವರು. ವಿಮಾನ ಹಾರಿಸಬೇಕೆಂಬ ಆಸೆ ಇತ್ತು, ಕೈಗೂಡಲಿಲ್ಲ. ನಟನಾಗಿ ಹೆಸರು ಮಾಡಿ, ಕೀವ್‌ನ ದೊವ್ಜೆಂಕೊ ಸ್ಟುಡಿಯೋದಲ್ಲಿ ತಾವೇ ನಿರ್ದೇಶಿಸಿ, ತಾವೇ ಮುಖ್ಯ ಪಾತ್ರ ಮಾಡಿ 1973ರಲ್ಲಿ ಯುದ್ಧವಿಮಾನದ ಪೈಲಟ್‌ಗಳ ಚಿತ್ರವೊಂದನ್ನು ತೆಗೆದರು. ‘ಕಾಳಗಕ್ಕೆ ಹೊರಡುವವರು ಮುದುಕರು ಮಾತ್ರ’ ಎಂಬ ಅರ್ಥದ ಹೆಸರು ಅದಕ್ಕೆ. ತಮಾಷೆ ಏನೆಂದರೆ ಅದರಲ್ಲಿ ‘ಮುದುಕರು’ ಎಂದು ಕರೆಸಿಕೊಳ್ಳುವವರಿಗೆ ಇನ್ನೂ ಇಪ್ಪತ್ತರ ಆಸುಪಾಸು! ಹೊಸದಾಗಿ ಬಂದ ಎಳೆಯ ಪೈಲಟ್‌ಗಳನ್ನು ಉಳಿಸಲೆಂದು, ನಾಲ್ಕಾರು ಕಾಳಗ ನೋಡಿದ ಹುಡುಗರೇ ಮುಂದೆ ಹೋಗುತ್ತಾರೆ. ಸಾವನ್ನು ಹತ್ತಿರದಿಂದ ಕಂಡವನೇ ಅಲ್ಲಿ ಹಿರಿಯ, ಜಾತಕದ ವಯಸ್ಸು ಲೆಕ್ಕಕ್ಕಿಲ್ಲ.

ಬೀಕೊವ್ ಕೀವ್‌ನಲ್ಲಿ ಪೂರ್ತಿ ಮಾಡಿದ್ದು ಎರಡೇ ಕಥಾಚಿತ್ರ. ಮೂರನೆಯದರ ಕೆಲಸ ನಡೆಯುತ್ತಿದ್ದಾಗ, 1979ರ ಏಪ್ರಿಲ್ 11ರಂದು, ಕೀವ್ ಸಮೀಪದ ಹೆದ್ದಾರಿಯಲ್ಲಿ ಕಾರು ಅಪಘಾತದಲ್ಲಿ ತೀರಿಕೊಂಡರು. ಆಗ ಅವರಿಗೆ 50. ಅವರ ಹೆಸರನ್ನು ಆಕಾಶದ ಒಂದು ಕ್ಷುದ್ರಗ್ರಹಕ್ಕೆ ಇಟ್ಟಿದ್ದಾರೆ. ನಮ್ಮ ಶಂಕರ್‌ಗೂ ಅವರಿಗೂ ನೇರ ನಂಟೇನೂ ಇಲ್ಲ. ಆದರೆ ನಟನೆಯಿಂದ ಜನರ ಮನಸ್ಸು ಗೆದ್ದು, ನಿರ್ದೇಶಕನಾಗಿ ಹೇಳಬೇಕಾದ್ದನ್ನು ಹೇಳತೊಡಗಿದ ಹೊತ್ತಿನಲ್ಲೇ ರಸ್ತೆಯಲ್ಲಿ ನಿಂತುಹೋದ ಬದುಕು ಎರಡೂ ಕಡೆ ಒಂದೇ. 35ರಲ್ಲಿ ಹೋದ ಶಂಕರ್ ಆ ಚಿತ್ರದ ಲೆಕ್ಕದಲ್ಲಿ ‘ಮುದುಕ’ರೇ.

ಆನಗೋಡಿನ ರಸ್ತೆ

1990ರ ಸೆಪ್ಟೆಂಬರ್ 30. ಚಂದ್ರಶೇಖರ ಕಂಬಾರರ ನಾಟಕ ಆಧರಿಸಿದ ‘ಜೋಕುಮಾರಸ್ವಾಮಿ’ ಚಿತ್ರದ ಕೆಲಸಕ್ಕೆಂದು ಶಂಕರ್ ಲೋಕಾಪುರದ ಕಡೆ ಹೊರಟಿದ್ದರು. ಕಾರಿನಲ್ಲಿ ಅರುಂಧತಿ, ಪುಟ್ಟ ಮಗಳು ಕಾವ್ಯ ಕೂಡ ಇದ್ದರು. ದಾವಣಗೆರೆ ಹತ್ತಿರ ಆನಗೋಡಿನಲ್ಲಿ ಅಪಘಾತವಾಯಿತು. ತಾಯಿ ಮಗಳು ಉಳಿದರು. ಶಂಕರ್ ಉಳಿಯಲಿಲ್ಲ.

‘ಆಕ್ಸಿಡೆಂಟ್’ ಚಿತ್ರ ಮಾಡಿದವನೇ ಆಕ್ಸಿಡೆಂಟಿನಲ್ಲಿ ಹೋದ ಎಂದು ಜನ ಅಂದೂ ಮಾತಾಡಿಕೊಂಡರು, ಇಂದೂ ಮಾತಾಡುತ್ತಾರೆ. ‘ಹಣೆಬರಹ’ ಎಂದು ಒಂದು ಮಾತಿನಲ್ಲಿ ಮುಗಿಸಿಬಿಡುವುದು ಸುಲಭ. ಆದರೆ ಆ ಚಿತ್ರ ಹೇಳಿದ್ದೇ ಅದರ ವಿರುದ್ಧದ ಮಾತು. ರಸ್ತೆಯ ಮೇಲಿನ ಸಾವನ್ನು ಹಣೆಬರಹಕ್ಕೆ ಬಿಡಬೇಡಿ, ಯಾಕಾಯಿತು ಎಂದು ಕೇಳಿ ಎಂದು ಅದು ಹೇಳಿತ್ತು. ಹೆದ್ದಾರಿ ಅಗಲವಾಗಿದೆ, ಗಾಡಿಗಳ ವೇಗ ಹೆಚ್ಚಿದೆ. ರಾತ್ರಿ ಬೆಂಗಳೂರಿಂದ ಹೊರಟು ಬೆಳಗಾಗುವಷ್ಟರಲ್ಲಿ ಅರಬೈಲ್ ಘಟ್ಟ ಇಳಿದು ಮನೆ ಮುಟ್ಟಬೇಕೆನ್ನುವ ಮಕ್ಕಳು ನಮ್ಮೆಲ್ಲರ ಮನೆಯಲ್ಲೂ ಇದ್ದಾರೆ. ಶಂಕರ್ ಅವರನ್ನು ಪ್ರೀತಿಸುವವರು ಅವರ ಚಿತ್ರ ಅಂಟಿಸಿಕೊಂಡರೆ ಸಾಲದು, ಕಣ್ಣು ಎಳೆಯುವಾಗ ಗಾಡಿ ಬದಿಗೆ ಹಾಕಿ ಒಂದು ಚಾ ಕುಡಿಯಬೇಕು.

ಉಳಿದದ್ದು ಏನು?

ಬೆಂಗಳೂರಿನ ಜೆ.ಪಿ. ನಗರದಲ್ಲಿ ‘ರಂಗಶಂಕರ’ ಇದೆ. ಅರುಂಧತಿಯವರು ವರ್ಷಗಟ್ಟಲೆ ಓಡಾಡಿ, ದುಡ್ಡು ಕೂಡಿಸಿ ಕಟ್ಟಿಸಿದ ನಾಟಕಮಂದಿರ. ಬಾಗಿಲು ತೆರೆದದ್ದು 2004ರಲ್ಲಿ. ಕನ್ನಡವೂ ಸೇರಿ ಹತ್ತಾರು ಭಾಷೆಯ ನಾಟಕಗಳು ಅಲ್ಲಿ ನಡೆಯುತ್ತವೆ. ಅಲ್ಲಿಯ ಒಂದು ಕಟ್ಟುನಿಟ್ಟು ಗೊತ್ತಾ? ನಾಟಕ ಶುರುವಾದ ಮೇಲೆ ಬಂದವರಿಗೆ ಒಳಗೆ ಬಿಡುವುದಿಲ್ಲ, ಯಾರೇ ಆಗಿರಲಿ. ಸಮಯವನ್ನು ಚಿನ್ನದ ಹಾಗೆ ಖರ್ಚು ಮಾಡಿದ ಮನುಷ್ಯನ ಹೆಸರಿನ ಮನೆಗೆ ಇದು ಸರಿಯಾದ ನಿಯಮ.

ವಿದೇಶಕ್ಕೆ ಹೋದಾಗ ಶಂಕರ್ ಅಲ್ಲಿನ ನೆಲದಡಿಯ ರೈಲು ನೋಡಿ, ಬೆಂಗಳೂರಿಗೂ ಇಂಥದ್ದು ಬೇಕೆಂದು ಹಟ ಹಿಡಿದಿದ್ದರೆಂದು ಹತ್ತಿರದವರು ಹೇಳುತ್ತಾರೆ. ನಂದಿಬೆಟ್ಟಕ್ಕೆ ರೋಪ್‌ವೇ, ಬಡವರಿಗೆ ಬೇಗ ಕಟ್ಟಬಹುದಾದ ಅಗ್ಗದ ಮನೆ, ಹೀಗೆ ಅವರ ತಲೆಯಲ್ಲಿ ಓಡುತ್ತಿದ್ದ ಯೋಜನೆಗಳ ಪಟ್ಟಿ ದೊಡ್ಡದು. ನಟನಿಗೆ ಇದೆಲ್ಲ ಯಾಕೆ ಎಂದು ನಕ್ಕವರೂ ಇರಬಹುದು. 2011ರ ಅಕ್ಟೋಬರಿನಲ್ಲಿ ಬೆಂಗಳೂರಿನಲ್ಲಿ ಮೆಟ್ರೋ ಓಡಿದಾಗ ಎಷ್ಟೋ ಜನ ನೆನೆದದ್ದು ಅವರನ್ನೇ. ಅರಸಾಳು ನಿಲ್ದಾಣದಲ್ಲಿ ಈಗ ಮಾಲ್ಗುಡಿ ಮ್ಯೂಸಿಯಂ ಇದೆ. ಅಣ್ಣ ಅನಂತನಾಗ್ ‘ನನ್ನ ತಮ್ಮ ಶಂಕರ’ ಎಂಬ ಪುಸ್ತಕ ಬರೆದಿದ್ದಾರೆ.

ಆದರೆ ‘ಬದುಕಿದ್ದಿದ್ರೆ’ ಎನ್ನುವ ಮಾತು ಪೂರ್ತಿ ತಪ್ಪೂ ಅಲ್ಲ. ಅವರು ನಟಿಸಿದ ಚಿತ್ರಗಳ ಪಟ್ಟಿ ಮಾಡಲು ಒಂದು ಹಾಳೆ ಸಾಲದು. ನಿರ್ದೇಶಿಸಿದ ಕನ್ನಡ ಚಿತ್ರಗಳನ್ನು ಕೈಬೆರಳಲ್ಲಿ ಎಣಿಸಬಹುದು. ಹೊಟ್ಟೆಪಾಡಿನ ಚಿತ್ರಗಳು ಅವರ ಸಮಯವನ್ನು ತಿಂದವು. ಸ್ವಲ್ಪ ನಿಂತು, ಕಡಿಮೆ ನಟಿಸಿ, ಹೆಚ್ಚು ನಿರ್ದೇಶಿಸುವ ಕಾಲ ಅವರಿಗೆ ಸಿಗಲೇ ಇಲ್ಲ. ನಾವು ಕಳೆದುಕೊಂಡದ್ದು ಒಬ್ಬ ಹೀರೋನನ್ನಲ್ಲ. ಹೀರೋಗಳು ಆಮೇಲೂ ಬಂದರು. ಕಳೆದುಕೊಂಡದ್ದು ನಲವತ್ತು, ಐವತ್ತರ ಶಂಕರ್‌ನಾಗ್ ತೆಗೆಯಬೇಕಾಗಿದ್ದ ಚಿತ್ರಗಳನ್ನು.

ನಮ್ಮ ಕಡೆ ಈಗಲೂ ನಾಟಕದ ಹುಚ್ಚು ಹೋಗಿಲ್ಲ. ಜಾತ್ರೆ, ಹಬ್ಬ ಬಂತೆಂದರೆ ಅಂಕೋಲೆಯ ಹಳ್ಳಿಗಳಲ್ಲಿ ಹಗಲು ಗದ್ದೆ, ದೋಣಿ, ಅಂಗಡಿ ಎಂದು ದುಡಿದ ಹುಡುಗರು ರಾತ್ರಿ ಶಾಲೆಯ ಜಗಲಿಯಲ್ಲಿ ಮಾತು ಬಾಯಿಪಾಠ ಮಾಡುತ್ತಾರೆ. ಅವರಲ್ಲಿ ಒಬ್ಬ ಹುಡುಗನಿಗೋ ಹುಡುಗಿಗೋ ‘ಇದನ್ನೇ ಮುಂದುವರಿಸ್ತೇನೆ’ ಅನ್ನಿಸಿದರೆ ಮನೆಯಲ್ಲಿ ಬರುವ ಮೊದಲ ಪ್ರಶ್ನೆ ‘ಹೊಟ್ಟೆಗೆ ಏನ್ ಮಾಡ್ತೆ?’ ಪ್ರಶ್ನೆ ನ್ಯಾಯವಾದದ್ದೇ. ಕಾರವಾರದಿಂದ 90 ಕಿಲೋಮೀಟರ್ ದಕ್ಷಿಣಕ್ಕೆ ಹುಟ್ಟಿದ ಒಬ್ಬ ಮನುಷ್ಯ ಆ ಪ್ರಶ್ನೆಗೆ ಉತ್ತರ ಕೊಟ್ಟೇ ಹೋಗಿದ್ದಾರೆ: ಹೊಟ್ಟೆಗೆ ದುಡಿ, ನಾಚಿಕೆ ಬೇಡ. ದುಡಿದದ್ದರಲ್ಲಿ ಒಂದು ಪಾಲು ನಿನಗೆ ನಿಜವಾಗಿ ಬೇಕಾದ ಕೆಲಸಕ್ಕೆ ಹಾಕು. ನಾಳೆಗೆ ಇಡಬೇಡ.

ಈ ಭಾನುವಾರ ಪುರುಸೊತ್ತಿದ್ದರೆ ಮಕ್ಕಳನ್ನು ಕೂರಿಸಿಕೊಂಡು ಮಾಲ್ಗುಡಿಯ ಸ್ವಾಮಿಯ ಎರಡು ಕಂತು ನೋಡಿ. ಮಕ್ಕಳು ಮಲಗಿದ ಮೇಲೆ ದೊಡ್ಡವರು ‘ಮಿಂಚಿನ ಓಟ’ ಹಾಕಿ. ಅದನ್ನು ತೆಗೆದಾಗ ಆ ಹುಡುಗನಿಗೆ 25ರ ಆಸುಪಾಸು ಎಂಬುದು ನೆನಪಿರಲಿ.